ನೋಟೀಸು ಕೈಸೇರಿತೇ? ಅವಿಶ್ವಾಸ ಗೊತ್ತುವಳಿಯೂ ಗಡಿನಾಡಿನ ಕನ್ನಡ ಸದಸ್ಯನೂ



ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂದು ನಮ್ಮ ಹಿರಿಯರು ಹೊಲದ ಬದುವಿನ ವ್ಯಾಜ್ಯಗಳನ್ನು ಕಂಡು ಹೇಳಿದ್ದರು. ಇಂದು ಅದೇ ಮಾತನ್ನು ಪಂಚಾಯತಿಯ ಕುರ್ಚಿಯ ವ್ಯಾಜ್ಯಕ್ಕೂ ಹೇಳಬೇಕಾಗಿದೆ. ಅಧ್ಯಕ್ಷನ ಮೇಲೆ ಸದಸ್ಯರಿಗೆ ನಂಬಿಕೆ ಹೋಗುತ್ತದೆ; ಅವಿಶ್ವಾಸ ಗೊತ್ತುವಳಿ ಬರುತ್ತದೆ; ಮತ ಬೀಳುತ್ತದೆ. ಅಲ್ಲಿಗೆ ಮುಗಿಯಬೇಕಾದ ಮಾತು ಮುಗಿಯುವುದಿಲ್ಲ. ಸೋತವನು ಆ ರಾತ್ರಿಯೇ ವಕೀಲರ ಮನೆಯ ದಾರಿ ಹಿಡಿಯುತ್ತಾನೆ. ನೋಟೀಸು ಒಂದು ದಿನ ತಡವಾಗಿ ಬಂತು, ಕಾರಣವನ್ನು ಬರೆದಿರಲಿಲ್ಲ, ನನ್ನ ವಿವರಣೆಯನ್ನು ಕೇಳಲಿಲ್ಲ ಎಂದು ಉಚ್ಚ ನ್ಯಾಯಾಲಯಕ್ಕೆ ರಿಟ್ ಅರ್ಜಿ ಹೋಗುತ್ತದೆ. ತಡೆಯಾಜ್ಞೆಯೊಂದು ಬಂದರೆ ಆರು ತಿಂಗಳು, ಬಾರದಿದ್ದರೂ ಮೂರು ತಿಂಗಳು, ಊರಿನ ಆಡಳಿತವು ಇಬ್ಬರ ನಡುವೆ ನೇತಾಡುತ್ತದೆ. ನೀರಿನ ತೊಟ್ಟಿಯ ದುರಸ್ತಿ ನಿಲ್ಲುತ್ತದೆ. ಕನ್ನಡ ಶಾಲೆಯ ಮಾಡು ಸೋರುತ್ತಲೇ ಇರುತ್ತದೆ. ಗಂಡಹೆಂಡಿರ ಜಗಳದಲ್ಲಿ ಕೂಸು ಬಡವಾಯಿತೆಂಬಂತೆ ಬಡವಾಗುವುದು ಊರು.

ಇದರ ಎದುರು ಇನ್ನೊಂದು ದೃಶ್ಯವೂ ಉಂಟು. ಗಡಿಯಾಚೆಯ ಪಂಚಾಯತಿಯೊಂದರಲ್ಲಿ ಕನ್ನಡವನ್ನಷ್ಟೇ ಓದಬಲ್ಲ ಸದಸ್ಯೆಯೊಬ್ಬರು ಇದ್ದಾರೆಂದು ಭಾವಿಸಿರಿ. ಜವಾನನು ತಂದುಕೊಟ್ಟ ಕಾಗದಕ್ಕೆ ಸಹಿ ಹಾಕುತ್ತಾರೆ. ಕಾಗದದಲ್ಲಿ ಇರುವುದು ಅವರು ಓದಲಾರದ ಲಿಪಿ. ನೆರೆಮನೆಯ ಹುಡುಗನು ಓದಿ ಹೇಳುವ ಹೊತ್ತಿಗೆ ಎರಡು ದಿನ ಕಳೆದಿರುತ್ತದೆ. ಸಭೆಗೆ ಹೋದರೆ ಚರ್ಚೆ ಬೇರೆ ನುಡಿಯಲ್ಲಿ. ಕೈ ಎತ್ತೆಂದಾಗ ಎತ್ತುತ್ತಾರೆ. ದಾಖಲೆಯಲ್ಲಿ ಎಲ್ಲವೂ ಕ್ರಮಬದ್ಧ. ನೋಟೀಸು ತಲುಪಿದೆ, ಸಹಿ ಇದೆ, ಮತ ಇದೆ. ತಿಳಿವಳಿಕೆ ಮಾತ್ರ ಇಲ್ಲ.

ಮೊದಲನೆಯ ದೃಶ್ಯದ ತಪ್ಪು ನಮ್ಮದು. ಎರಡನೆಯದು ನಮಗೆ ಆಗುತ್ತಿರುವ ಅನ್ಯಾಯ. ಸೋತವನು ಅಲ್ಲಸಲ್ಲದ ದೋಷ ಹಿಡಿದು ನ್ಯಾಯಾಲಯಕ್ಕೆ ಓಡುವುದನ್ನು ನಾವು ಖಂಡಿಸಬೇಕು. ತಿಳಿಯದ ನುಡಿಯ ನೋಟೀಸಿನಿಂದ ನಡೆದ ಸಭೆಯನ್ನು ಸಭೆಗೆ ಮೊದಲೇ ಪ್ರಶ್ನಿಸುವುದನ್ನು ನಾವು ಕಲಿಯಬೇಕು. ಈ ಕಿರುಹೊತ್ತಗೆಯ ವಾದ ಇಷ್ಟೇ.

ಅವಿಶ್ವಾಸವೆಂದರೆ ಆರೋಪಪಟ್ಟಿಯಲ್ಲ

ನಮ್ಮ ಜನರಲ್ಲಿ ಬೇರೂರಿರುವ ಮೊದಲನೆಯ ತಪ್ಪು ಕಲ್ಪನೆಯನ್ನು ಕೀಳಬೇಕಾಗಿದೆ. "ನಾನು ಏನು ತಪ್ಪು ಮಾಡಿದೆ? ಒಂದು ಕಾಸು ತಿಂದಿದ್ದೇನೆಂದು ತೋರಿಸಲಿ!" ಎಂದು ಪದಚ್ಯುತ ಅಧ್ಯಕ್ಷನು ಕೇಳುತ್ತಾನೆ. ಪ್ರಶ್ನೆ ನ್ಯಾಯವಾದದ್ದೆಂದು ಊರು ತಲೆದೂಗುತ್ತದೆ. ಆದರೆ ಕಾಯಿದೆ ತಲೆದೂಗುವುದಿಲ್ಲ.

ಗುಜರಾತಿನ ನಡಿಯಾದ ಪುರಸಭೆಯಿಂದ ಎದ್ದ ವ್ಯಾಜ್ಯವೊಂದರಲ್ಲಿ, 1974ರಲ್ಲಿ, ಸುಪ್ರೀಂ ಕೋರ್ಟು ಇದನ್ನು ಬಿಡಿಸಿ ಹೇಳಿತು. ಖಂಡನಾ ಗೊತ್ತುವಳಿ ಬೇರೆ, ಅವಿಶ್ವಾಸ ಗೊತ್ತುವಳಿ ಬೇರೆ. ಖಂಡಿಸುವವನು ಏತಕ್ಕಾಗಿ ಖಂಡಿಸುತ್ತೇನೆಂದು ಹೇಳಲೇಬೇಕು; ನಂಬಿಕೆ ಕಳೆದುಕೊಂಡವನು ಕಾರಣ ಬರೆಯಬೇಕೆಂಬ ಕಟ್ಟುಪಾಡಿಲ್ಲ. ಆಯಾ ಕಾಯಿದೆಯೇ ಕಾರಣವನ್ನು ಬೇಡದ ಹೊರತು ಕಾರಣದ ಕೊರತೆಯಿಂದ ಗೊತ್ತುವಳಿ ಬೀಳುವುದಿಲ್ಲ. ಅಧ್ಯಕ್ಷನು ಕಳ್ಳನಾಗಬೇಕಾಗಿಲ್ಲ, ಸದಸ್ಯರ ನಂಬಿಕೆಯಲ್ಲಿ ಇಲ್ಲದಿದ್ದರೆ ಸಾಕು.

"ನನ್ನನ್ನು ಜನರು ಆರಿಸಿದರು, ಸದಸ್ಯರು ತೆಗೆಯಲು ಯಾರು?" ಎಂಬ ವಾದವೂ ನ್ಯಾಯಾಲಯದ ಮೆಟ್ಟಿಲನ್ನು ಹತ್ತಿದೆ. ಉತ್ತರ ಪ್ರದೇಶದ ರಾಯಬರೇಲಿಯಲ್ಲಿ ಜನರಿಂದ ನೇರವಾಗಿ ಚುನಾಯಿತನಾದ ಪುರಸಭಾಧ್ಯಕ್ಷನೊಬ್ಬನನ್ನು ಸದಸ್ಯರು ಅವಿಶ್ವಾಸದಿಂದ ಕೆಳಗಿಳಿಸಿದರು. 1992ರಲ್ಲಿ ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. ಚುನಾಯಿತ ಹುದ್ದೆಯು ಶಾಸನದಿಂದ ಹುಟ್ಟಿದ ಹಕ್ಕು. ಕೊಡುವ ಶಾಸನವು ಹಿಂತೆಗೆದುಕೊಳ್ಳುವ ಬಗೆಯನ್ನೂ ಹೇಳಬಲ್ಲದು. ಅನಂತರ ಸಂವಿಧಾನದ 73ನೆಯ ತಿದ್ದುಪಡಿ ಬಂದು ಪಂಚಾಯತಿಗಳಿಗೆ ಐದು ವರ್ಷಗಳ ಅವಧಿ ದೊರೆತಾಗ, ಸಂವಿಧಾನದಲ್ಲಿ ಅವಿಶ್ವಾಸದ ಮಾತೇ ಇಲ್ಲವಾದ್ದರಿಂದ ಅದು ಅಸಿಂಧುವೆಂಬ ಹೊಸ ವಾದ ಹುಟ್ಟಿತು. 2010ರಲ್ಲಿ ಭಾನುಮತಿ ಎಂಬವರ ಮೊಕದ್ದಮೆಯಲ್ಲಿ ಅದಕ್ಕೂ ಉತ್ತರ ಬಂತು. ಐದು ವರ್ಷಗಳ ಅವಧಿ ಪಂಚಾಯತಿಗೆ ಕೊಟ್ಟದ್ದೇ ಹೊರತು ಅಧ್ಯಕ್ಷನ ಕುರ್ಚಿಗಲ್ಲ. ರಾಜ್ಯದ ಶಾಸನಸಭೆಯು ಅವಿಶ್ವಾಸದ ಏರ್ಪಾಡನ್ನು ಮಾಡಬಹುದು.

ಹೀಗೆ ದೊಡ್ಡ ಬಾಗಿಲುಗಳೆಲ್ಲ ಮುಚ್ಚಿವೆ. ಉಳಿದಿರುವುದು ಒಂದೇ ಬಾಗಿಲು, ಅದೇ ವಿಧಾನದ ಬಾಗಿಲು. ನೋಟೀಸು ಸರಿಯಾಗಿ ಬಂತೇ? ದಿನಗಳು ಸಂದುವೇ? ತಲೆಯೆಣಿಕೆ ಸರಿಯಾಯಿತೇ? ಚುನಾವಣೆಯನ್ನು ಪ್ರಶ್ನಿಸುವುದಕ್ಕೆ ಚುನಾವಣಾ ತಕರಾರು ಅರ್ಜಿಯ ದಾರಿಯೊಂದೇ ಎಂದು ಸಂವಿಧಾನವು ಬೇಲಿ ಹಾಕಿದೆ. ಅವಿಶ್ವಾಸವು ಚುನಾವಣೆಯಲ್ಲವಾದ ಕಾರಣ 226ನೆಯ ವಿಧಿಯಂತೆ ಉಚ್ಚ ನ್ಯಾಯಾಲಯದ ದಾರಿ ಇಲ್ಲಿ ತೆರೆದಿದೆ. ಆ ದಾರಿಯಲ್ಲಿ ನಿಂತಿರುವ ಮೈಲಿಗಲ್ಲು ನಮ್ಮದೇ ಕನ್ನಡ ಊರೊಂದರದು.

ಹೊಳೆನರಸೀಪುರದ ಪಾಠ

ಹಾಸನ ಜಿಲ್ಲೆಯ ಹೊಳೆನರಸೀಪುರದ ಪುರಸಭೆಗೆ ಇಪ್ಪತ್ತು ಸದಸ್ಯರು. ಅಧ್ಯಕ್ಷರ ಮೇಲೆ ಅವಿಶ್ವಾಸ ತರುವುದಕ್ಕಾಗಿ ವಿಶೇಷ ಸಭೆಯೊಂದನ್ನು ಕರೆಯಲಾಯಿತು. ಅಂದು ಜಾರಿಯಲ್ಲಿದ್ದುದು 1951ರ ಮೈಸೂರು ಪಟ್ಟಣ ಪುರಸಭೆಗಳ ಕಾಯಿದೆ. ಅದರಂತೆ ವಿಶೇಷ ಸಭೆಗೆ ಮೂರು ಪೂರ್ಣ ದಿನಗಳ ನೋಟೀಸು ಕೊಡಬೇಕು. ಆದರೆ ಕೆಲವರ ಕೈಗೆ ನೋಟೀಸು ಬಂದಾಗ ಮೂರು ಪೂರ್ಣ ದಿನಗಳು ಉಳಿದಿರಲಿಲ್ಲ. ಸಭೆ ನಡೆಯಿತು. ಇಪ್ಪತ್ತು ಜನರಲ್ಲಿ 19 ಜನ ಬಂದರು. 15 ಜನ ಅಧ್ಯಕ್ಷರ ವಿರುದ್ಧ ಮತ ಕೊಟ್ಟರು. ಅಧ್ಯಕ್ಷರು ನ್ಯಾಯಾಲಯಕ್ಕೆ ಹೋದರು. ಮೊಕದ್ದಮೆ ಮೈಸೂರಿನ ಉಚ್ಚ ನ್ಯಾಯಾಲಯವನ್ನು ದಾಟಿ ದೆಹಲಿಯನ್ನು ಮುಟ್ಟಿತು. ಕೆ. ನರಸಿಂಹಯ್ಯ ವಿರುದ್ಧ ಎಚ್. ಸಿ. ಸಿಂಗ್ರಿಗೌಡ ಎಂದು ವಕೀಲರೆಲ್ಲರ ನಾಲಗೆಯ ಮೇಲಿರುವ ಆ ಮೊಕದ್ದಮೆಯ ತೀರ್ಪು ಬಂದದ್ದು 1964ರಲ್ಲಿ.

ಆ ತೀರ್ಪಿಗೆ ಎರಡು ಮುಖಗಳು. ನಮ್ಮವರು ಸಾಮಾನ್ಯವಾಗಿ ಒಂದನ್ನೇ ನೋಡುತ್ತಾರೆ.

ಮೊದಲನೆಯ ಮುಖವಿದು. ನೋಟೀಸನ್ನು ಕಳುಹಿಸಿದೊಡನೆ ಕೊಟ್ಟಂತಾಯಿತೆಂಬ ವಾದವನ್ನು ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಕೊಡುವುದೆಂದರೆ ಪಡೆಯತಕ್ಕವನ ಕೈಸೇರುವುದು. ಕಳುಹಿಸಿದವನ ಪುಸ್ತಕದಲ್ಲಿ ಬರೆದ ತಾರೀಖು ಮುಖ್ಯವಲ್ಲ. ಸದಸ್ಯನ ಕೈಸೇರಿದ ತಾರೀಖು ಮುಖ್ಯ. ಹೀಗೆಂದ ಮೇಲೆ, ಮೂರು ಪೂರ್ಣ ದಿನಗಳ ನಿಯಮವು ಹೊಳೆನರಸೀಪುರದಲ್ಲಿ ಪಾಲನೆಯಾಗಲಿಲ್ಲವೆಂದು ನ್ಯಾಯಾಲಯವು ಸ್ಪಷ್ಟವಾಗಿ ಒಪ್ಪಿತು.

ಎರಡನೆಯ ಮುಖವಿದು. ನಿಯಮ ಪಾಲನೆಯಾಗಲಿಲ್ಲವೆಂದ ಮಾತ್ರಕ್ಕೆ ಗೊತ್ತುವಳಿ ರದ್ದಾಯಿತೇ? ಇಲ್ಲ. ನೋಟೀಸಿನ ಉದ್ದೇಶವೇನು? ಸದಸ್ಯರು ತಮ್ಮ ಕೆಲಸಗಳನ್ನು ಹೊಂದಿಸಿಕೊಂಡು ಸಭೆಗೆ ಬರುವಂತಾಗಬೇಕೆಂಬುದು. 20ರಲ್ಲಿ 19 ಜನ ಬಂದೇ ಬಂದಿದ್ದರು. 15 ಜನ ಅವಿಶ್ವಾಸವನ್ನು ಬೆಂಬಲಿಸಿದ್ದರು. ದಿನದ ಕೊರತೆಯಿಂದ ಸಭೆಯ ಕಲಾಪಕ್ಕೆ ಬಾಧಕವಾಯಿತೆನ್ನಲು ಆಧಾರವಿರಲಿಲ್ಲ. ನೋಟೀಸು ಜಾರಿಯ ಕ್ರಮದೋಷದಿಂದ ಕಲಾಪಕ್ಕೆ ಬಾಧೆಯಾಗದಿದ್ದರೆ ಗೊತ್ತುವಳಿ ಊರ್ಜಿತವೆಂದು ಅದೇ ಕಾಯಿದೆಯ ಇನ್ನೊಂದು ಕಲಂ ಹೇಳಿತ್ತು. ಆದುದರಿಂದ ಮೂರು ದಿನಗಳ ನಿಯಮವು ಕಡ್ಡಾಯವಾದದ್ದಲ್ಲ, ನಿರ್ದೇಶಕವಾದದ್ದೆಂದು ತೀರ್ಮಾನವಾಯಿತು. ಅಧ್ಯಕ್ಷರ ಅಪೀಲು ವಜಾ ಆಯಿತು.

ಕಡ್ಡಾಯ, ನಿರ್ದೇಶಕ: ಈ ಎರಡು ಪದಗಳಲ್ಲಿ ಅವಿಶ್ವಾಸದ ವ್ಯಾಜ್ಯಗಳೆಲ್ಲ ಅಡಗಿವೆ. ಕಡ್ಡಾಯ ನಿಯಮ ಮುರಿದರೆ ಸಭೆಯೇ ಮುರಿಯುತ್ತದೆ. ನಿರ್ದೇಶಕ ನಿಯಮ ಮುರಿದರೆ, ಅದರಿಂದ ಯಾರಿಗಾದರೂ ನಿಜವಾದ ಬಾಧೆ ಆಯಿತೇ ಎಂದು ನ್ಯಾಯಾಲಯವು ಕೇಳುತ್ತದೆ. ಯಾವ ನಿಯಮ ಯಾವ ಜಾತಿಯದೆಂಬುದು ಆಯಾ ಕಾಯಿದೆಯ ಮಾತಿನ ಮೇಲೆ ನಿಂತಿದೆ. ಒಂದು ರಾಜ್ಯದ ಕಾಯಿದೆಯಲ್ಲಿ ಸಡಿಲವಾದದ್ದು ಇನ್ನೊಂದರಲ್ಲಿ ಬಿಗಿಯಾಗಿರಬಹುದು. ಆದರೂ ಸಾಮಾನ್ಯ ಮನುಷ್ಯನು ನೆನಪಿಡಬೇಕಾದ ಮಾತೊಂದುಂಟು. 15 ಜನ ಬೇಡವೆಂದವನನ್ನು ಒಂದು ದಿನದ ಲೆಕ್ಕ ಹಿಡಿದು ಕುರ್ಚಿಯಲ್ಲಿ ಕೂರಿಸಲು ನ್ಯಾಯಾಲಯವು ಸುಲಭವಾಗಿ ಒಪ್ಪುವುದಿಲ್ಲ. ಒಪ್ಪಿದರೂ ಏನಾಯಿತು? ವಿಧಾನದ ದೋಷದಿಂದ ಗೆದ್ದು ಬಂದವನ ಎದುರಿಗೆ ಅದೇ 15 ಜನ ಕುಳಿತಿರುತ್ತಾರೆ. ನ್ಯಾಯಾಲಯವು ಕುರ್ಚಿಯನ್ನು ಹಿಂದಿರುಗಿಸಬಲ್ಲದು, ನಂಬಿಕೆಯನ್ನು ಹಿಂದಿರುಗಿಸಲಾರದು.

ತಲೆಯೆಣಿಕೆಗೆ ಕ್ಷಮೆಯಿಲ್ಲ

ದಿನದ ಕೊರತೆ ಒಮ್ಮೊಮ್ಮೆ ಕ್ಷಮ್ಯವಾಗಬಹುದು. ತಲೆಯ ಕೊರತೆ ಎಂದಿಗೂ ಆಗದು. ಇಲ್ಲಿಯೇ ನಮ್ಮ ಸದಸ್ಯರು ಎಡವುತ್ತಾರೆ.

ಕೇರಳದ ಲೆಕ್ಕವನ್ನು ನೋಡಿರಿ. 1994ರ ಕೇರಳ ಪಂಚಾಯತ್ ರಾಜ್ ಕಾಯಿದೆಯ 157ನೆಯ ಕಲಂ ಗ್ರಾಮಗಳಿಗೆ, ಅದೇ ವರ್ಷದ ಪುರಸಭಾ ಕಾಯಿದೆಯ 19ನೆಯ ಕಲಂ ಪಟ್ಟಣಗಳಿಗೆ. ಗ್ರಾಮ ಪಂಚಾಯತಿನ ನೋಟೀಸಿಗೆ ಮಂಜೂರಾದ ಒಟ್ಟು ಸಂಖ್ಯೆಯ ಮೂರರಲ್ಲೊಂದು ಪಾಲು ಸದಸ್ಯರ ಸಹಿ ಬೇಕು. ಗೊತ್ತುವಳಿ ಗೆಲ್ಲಲು ಮಂಜೂರಾದ ಒಟ್ಟು ಸಂಖ್ಯೆಯ ಬಹುಮತ ಬೇಕು. ಬಂದವರ ಬಹುಮತವಲ್ಲ, ಬದುಕಿರುವವರ ಬಹುಮತವೂ ಅಲ್ಲ, ಮಂಜೂರಾದ ಸಂಖ್ಯೆಯ ಬಹುಮತ. 15 ಸ್ಥಾನಗಳ ಪಂಚಾಯತು ಎಂದಿಟ್ಟುಕೊಳ್ಳಿರಿ. ನೋಟೀಸಿಗೆ ಐದು ಸಹಿ. ಗೆಲುವಿಗೆ ಎಂಟು ಮತ. ಎರಡು ಸ್ಥಾನ ತೆರವಾಗಿ 13 ಜನ ಉಳಿದಿದ್ದರೆ, ಏಳು ಮತಕ್ಕೆ ಆರು ಮತ ಬಿದ್ದರೂ ಗೊತ್ತುವಳಿ ಸೋತಂತೆಯೇ. ಸಭೆಗೆ ಬಾರದೆ ಮನೆಯಲ್ಲಿ ಕುಳಿತವನು ಯಾರ ಪಕ್ಷವನ್ನೂ ಹಿಡಿಯಲಿಲ್ಲವೆಂದುಕೊಳ್ಳುತ್ತಾನೆ. ಅದು ಭ್ರಮೆ. ಅವನು ಅಧ್ಯಕ್ಷನಿಗೇ ಮತ ಕೊಟ್ಟಿದ್ದಾನೆ.

ಒಮ್ಮೆ ಸೋತ ಗೊತ್ತುವಳಿಯನ್ನು ಮರುದಿನವೇ ತರುವಂತಿಲ್ಲ. ಗೊತ್ತುವಳಿ ಬಿದ್ದರೆ, ಅಥವಾ ಕೋರಂ ಇಲ್ಲದೆ ಸಭೆ ನಡೆಯದೆ ಹೋದರೆ, ಆರು ತಿಂಗಳು ಕಾಯಬೇಕು. ಅಂದರೆ ಅರೆಬೆಂದ ಲೆಕ್ಕದ ಮೇಲೆ ಅವಸರದಿಂದ ತಂದ ನೋಟೀಸು, ತೆಗೆಯಬೇಕೆಂದವನಿಗೇ ಆರು ತಿಂಗಳ ಕವಚವನ್ನು ತೊಡಿಸುತ್ತದೆ!

ಪಕ್ಷದ ಕಟ್ಟಳೆಯನ್ನೂ ಮರೆಯಬಾರದು. 1999ರ ಕೇರಳ ಸ್ಥಳೀಯ ಸಂಸ್ಥೆಗಳ ಪಕ್ಷಾಂತರ ನಿಷೇಧ ಕಾಯಿದೆಯಂತೆ, ತನ್ನ ಪಕ್ಷದ ಲಿಖಿತ ಆದೇಶವನ್ನು, ಅಂದರೆ ವಿಪ್ಪನ್ನು, ಮೀರಿ ಮತ ಕೊಟ್ಟವನ ಸದಸ್ಯತ್ವವನ್ನು ರಾಜ್ಯ ಚುನಾವಣಾ ಆಯೋಗವು ರದ್ದುಪಡಿಸಬಹುದು. ಮೇಲೆ ಆರು ವರ್ಷ ಚುನಾವಣೆಗೆ ನಿಲ್ಲುವಂತಿಲ್ಲ. ಅಲ್ಲಿಯೂ ವ್ಯಾಜ್ಯವೆಲ್ಲ ಹೊಳೆನರಸೀಪುರದ ಅದೇ ಪ್ರಶ್ನೆಯ ಸುತ್ತ ಸುತ್ತುತ್ತದೆ: ಆ ಆದೇಶ ಸದಸ್ಯನ ಕೈಸೇರಿತ್ತೇ? ಅವನಿಗೆ ತಿಳಿದಿತ್ತೇ? ಇದು ಕಾಸರಗೋಡಿನ ಕನ್ನಡ ಪ್ರದೇಶಕ್ಕೆ ದೂರದ ಮಾತಲ್ಲ. 2018ರ ಆಗಸ್ಟ್ ತಿಂಗಳಲ್ಲಿ ಕಾರಡ್ಕ, ಎಣ್ಮಕಜೆ ಎಂಬ ಎರಡು ಪಂಚಾಯತುಗಳಲ್ಲಿ ಒಂದರ ಬೆನ್ನಿಗೊಂದು ಅವಿಶ್ವಾಸ ಗೊತ್ತುವಳಿಗಳು ಗೆದ್ದು ಆಡಳಿತಗಳು ಬದಲಾದದ್ದನ್ನು ಅಲ್ಲಿಯವರು ಕಣ್ಣಾರೆ ಕಂಡಿದ್ದಾರೆ. ಯಾವ ಪಕ್ಷ ಏರಿತು, ಯಾವುದು ಇಳಿಯಿತು ಎಂಬುದು ನಮ್ಮ ಮಾತಲ್ಲ. ಅಂಥ ಸಭೆಯಲ್ಲಿ ಕುಳಿತ ಪ್ರತಿಯೊಬ್ಬ ಕನ್ನಡ ಸದಸ್ಯನೂ ತನ್ನೆದುರಿನ ಕಾಗದವನ್ನು ತಾನೇ ಓದಿ ಅರಿಯುವಂತಿರಬೇಕು ಎಂಬುದು ನಮ್ಮ ಮಾತು.

ಗಡಿಗೊಂದು ಕಾಯಿದೆ

ಕನ್ನಡ ಒಂದೇ, ಗಡಿಯಾಚೆಯ ಕಾಯಿದೆಗಳು ಹಲವು. ಒಬ್ಬರ ಊರಿನ ಲೆಕ್ಕವನ್ನು ಇನ್ನೊಬ್ಬರು ಹಿಡಿದರೆ ಮೋಸಹೋಗುತ್ತಾರೆ.

ಸೊಲ್ಲಾಪುರ, ಅಕ್ಕಲಕೋಟೆ, ಜತ್ತದ ಬಂಧುಗಳೇ, ನಿಮ್ಮದು 1958ರ ಗ್ರಾಮ ಪಂಚಾಯತ ಕಾಯಿದೆಯ 35ನೆಯ ಕಲಂ. ಠರಾವಿನ ನೋಟೀಸು ತಹಶೀಲದಾರರಿಗೆ ಹೋಗಬೇಕು; ಅವರೇ ಏಳು ದಿನಗಳೊಳಗೆ ವಿಶೇಷ ಸಭೆ ಕರೆದು ತಾವೇ ಅಧ್ಯಕ್ಷತೆ ವಹಿಸುತ್ತಾರೆ. ಅಲ್ಲಿ ಬರಿಯ ಬಹುಮತ ಸಾಲದು, ಅದಕ್ಕಿಂತ ದೊಡ್ಡ ಪಾಲು ಬೇಕು. ನೇರವಾಗಿ ಜನರಿಂದ ಆಯ್ಕೆಯಾದ ಸರಪಂಚನ ವಿಷಯದಲ್ಲಿ ಗ್ರಾಮಸಭೆಯ ಅನುಮೋದನೆಯೂ ಬೇಕು. ಠರಾವಿನ ಸಿಂಧುತ್ವವನ್ನು ಪ್ರಶ್ನಿಸಬೇಕೆಂಬ ಸರಪಂಚನು ಏಳು ದಿನಗಳೊಳಗೆ ಜಿಲ್ಲಾಧಿಕಾರಿಗೆ ತಕರಾರು ಸಲ್ಲಿಸಬೇಕು. ಅಲ್ಲಿಂದ ಮುಂದೆ ವಿಭಾಗೀಯ ಕಮಿಷನರರಿಗೆ ಅಪೀಲು. ಹತ್ತಿರದ ಈ ಬಾಗಿಲನ್ನು ತಟ್ಟದೆ ನೇರವಾಗಿ ಮುಂಬಯಿಯ ಬಾಗಿಲನ್ನು ತಟ್ಟಿ, ಏಳು ದಿನಗಳನ್ನು ಕಳೆದುಕೊಂಡವನು ಯಾರನ್ನು ದೂರಬೇಕು?

ಹೊಸೂರು, ತಾಳವಾಡಿ, ನೀಲಗಿರಿಯ ಬಂಧುಗಳೇ, 1994ರ ತಮಿಳುನಾಡು ಪಂಚಾಯತ್ ಕಾಯಿದೆಯಲ್ಲಿ ಗ್ರಾಮ ಪಂಚಾಯತಿಯ ಅಧ್ಯಕ್ಷನು ಜನರಿಂದ ನೇರವಾಗಿ ಬರುವವನು. ಅವನನ್ನು ತೆಗೆಯುವ ದಾರಿ 205ನೆಯ ಕಲಮಿನದು. ಅಲ್ಲಿ ಕೊನೆಯ ಮಾತು ಸದಸ್ಯರದಲ್ಲ. ಅಧ್ಯಕ್ಷನಿಂದ ವಿವರಣೆ ಕೇಳಬೇಕು. ತಹಶೀಲದಾರರು ಸಭೆ ಕರೆದು ಸದಸ್ಯರ ಅಭಿಪ್ರಾಯವನ್ನು ದಾಖಲಿಸಬೇಕು. ಅದನ್ನು ಪರಿಶೀಲಿಸಿ ತೀರ್ಮಾನಿಸುವವರು ಪಂಚಾಯತಿಗಳ ಇನ್ಸ್‌ಪೆಕ್ಟರರಾದ ಜಿಲ್ಲಾಧಿಕಾರಿ. ಕೇರಳದಲ್ಲಿ ಕಾರಣ ಬೇಡವೆಂದು ಓದಿದ ತಾಳವಾಡಿಯವರು ಕಾರಣವಿಲ್ಲದೆ ಅರ್ಜಿ ಹಾಕಿದರೆ ಅದು ನಿಲ್ಲದು. ಅಲ್ಲಿ ಕಾರಣವೇ ಅರ್ಜಿಯ ಜೀವ.

ಆದವಾನಿ, ರಾಯದುರ್ಗ, ಮಡಕಶಿರಾ ಸೀಮೆಯ ಬಂಧುಗಳೇ, 1994ರ ಆಂಧ್ರ ಪ್ರದೇಶ ಪಂಚಾಯತ್ ರಾಜ್ ಕಾಯಿದೆಯ 245ನೆಯ ಕಲಮಿನ ಅವಿಶ್ವಾಸವು ಉಪಸರಪಂಚ, ಮಂಡಲ ಪರಿಷತ್ತಿನ ಅಧ್ಯಕ್ಷ, ಜಿಲ್ಲಾ ಪರಿಷತ್ತಿನ ಅಧ್ಯಕ್ಷ ಇವರಿಗೆ ಸಂಬಂಧಿಸಿದ್ದು. ನೇರವಾಗಿ ಚುನಾಯಿತನಾದ ಸರಪಂಚನು ಅದರ ಹಿಡಿತಕ್ಕೆ ಸಿಗುವವನಲ್ಲ. ಆತನ ವಿರುದ್ಧ ಸದಸ್ಯರೆಲ್ಲ ಸಹಿ ಹಾಕಿ ಅವಿಶ್ವಾಸವೆಂದು ಬರೆದುಕೊಟ್ಟರೆ, ಆ ಕಾಗದಕ್ಕೆ ಬರೆದ ಶಾಯಿಯ ಬೆಲೆಯೂ ಇರುವುದಿಲ್ಲ.

ಕೈಸೇರಿದ್ದು ಕಣ್ಣನ್ನೂ ಸೇರಬೇಡವೇ?

ಇನ್ನು ನಮ್ಮ ನಿಜವಾದ ದೂರಿಗೆ ಬರೋಣ.

ಕೊಡುವುದೆಂದರೆ ಕೈಸೇರುವುದು ಎಂದು ಹೊಳೆನರಸೀಪುರದ ತೀರ್ಪು ಹೇಳಿತು. ಒಳ್ಳೆಯದು. ಓದಲು ಬಾರದ ನುಡಿಯಲ್ಲಿ ಕೈಸೇರಿದ ನೋಟೀಸು ಕೈಸೇರಿದಂತಾಯಿತೇ? ನೋಟೀಸಿನ ಉದ್ದೇಶವು ಸದಸ್ಯನು ಸಿದ್ಧನಾಗಿ ಸಭೆಗೆ ಬರಲೆಂಬುದಾದರೆ, ಏನು ಸಭೆಯೆಂದೇ ತಿಳಿಯದವನು ಹೇಗೆ ಸಿದ್ಧನಾಗಬೇಕು? ಹೊಳೆನರಸೀಪುರದ 19 ಜನ ತಮ್ಮ ನಾಡಿನಲ್ಲಿ, ತಮ್ಮ ಜನರ ನಡುವೆ ಕುಳಿತು ಮತ ಕೊಟ್ಟರು. ಅವರಿಗೆ ಬಾಧೆಯಾಗಲಿಲ್ಲವೆಂದರೆ ನಂಬಬಹುದು. ಆ ಮಾತನ್ನೇ ಅನ್ಯಲಿಪಿಯ ಕಾಗದಕ್ಕೆ ಸಹಿ ಹಾಕಿದ ಗಡಿನಾಡಿನ ಸದಸ್ಯೆಗೂ ಹೇಳಬಹುದೇ? ಹೇಳಲಾಗದೆಂಬುದು ನಮ್ಮ ವಾದ. ಇದು ನಮ್ಮ ವಾದವೇ ಹೊರತು ನ್ಯಾಯಾಲಯದ ತೀರ್ಪೆಂದು ಯಾರೂ ಭಾವಿಸಬಾರದು. ಆದರೆ ಆ ವಾದಕ್ಕೆ ಆಧಾರಗಳಿವೆ.

ಮೊದಲನೆಯದು, ಭಾಷಾವಾರು ರಾಜ್ಯಗಳ ರಚನೆಯ ಹೊತ್ತಿಗೆ, 1956ರ ಸೆಪ್ಟೆಂಬರಿನಲ್ಲಿ, ಭಾರತ ಸರಕಾರವು ಹೊರಡಿಸಿದ ಜ್ಞಾಪಕಪತ್ರ. ಪುರಸಭೆ, ತಾಲ್ಲೂಕು ಮುಂತಾದ ಸಣ್ಣ ಘಟಕಗಳಲ್ಲಿ ಭಾಷಾ ಅಲ್ಪಸಂಖ್ಯಾತರು ನೂರಕ್ಕೆ 15ರಿಂದ 20ರಷ್ಟಿದ್ದರೆ, ಮುಖ್ಯವಾದ ಸರಕಾರಿ ನೋಟೀಸುಗಳೂ ಮತದಾರರ ಪಟ್ಟಿ ಮೊದಲಾದವೂ ಅವರ ನುಡಿಯಲ್ಲಿಯೂ ಇರುವುದು ಒಳಿತೆಂದು ಅದು ಹೇಳಿತು. ಅದೇ ವರ್ಷದ ಏಳನೆಯ ತಿದ್ದುಪಡಿಯಿಂದ ಭಾಷಾ ಅಲ್ಪಸಂಖ್ಯಾತರಿಗಾಗಿ ವಿಶೇಷಾಧಿಕಾರಿಯೊಬ್ಬರನ್ನು ನೇಮಿಸುವ 350-ಬಿ ವಿಧಿ ಸಂವಿಧಾನವನ್ನು ಸೇರಿತು.

ಎರಡನೆಯದು, ಸಂವಿಧಾನದ 350ನೆಯ ವಿಧಿ. ತನ್ನ ಕುಂದುಕೊರತೆಯನ್ನು ಕೇಂದ್ರದ ಅಥವಾ ರಾಜ್ಯದ ಯಾವ ಅಧಿಕಾರಿಗಾದರೂ, ಅಲ್ಲಿ ಬಳಕೆಯಲ್ಲಿರುವ ಯಾವ ಭಾಷೆಯಲ್ಲಾದರೂ ಬರೆದುಕೊಳ್ಳುವ ಹಕ್ಕು ಪ್ರತಿಯೊಬ್ಬನಿಗೂ ಇದೆ. ಕನ್ನಡದ ಅರ್ಜಿಯನ್ನು ಕನ್ನಡದ್ದೆಂಬ ಕಾರಣಕ್ಕೆ ಹಿಂದಿರುಗಿಸುವಂತಿಲ್ಲ. ಉತ್ತರವೂ ಅದೇ ನುಡಿಯಲ್ಲಿ ಬರಬೇಕೆಂದು ಆ ವಿಧಿ ಹೇಳುವುದಿಲ್ಲ; ಅದರ ಕೊರತೆ ಅಷ್ಟು.

ಆ ಕೊರತೆಯನ್ನು ಕೇರಳದ ಮಟ್ಟಿಗೆ ತುಂಬಿದ್ದು ಮೂರನೆಯ ಆಧಾರ, 1969ರ ಕೇರಳ ಅಧಿಕೃತ ಭಾಷೆಗಳ ಕಾಯಿದೆ. ತಮಿಳು ಮತ್ತು ಕನ್ನಡ ಅಲ್ಪಸಂಖ್ಯಾತರು ಸಚಿವಾಲಯದೊಡನೆಯೂ, ಭಾಷಾ ಅಲ್ಪಸಂಖ್ಯಾತ ಪ್ರದೇಶಗಳೆಂದು ಘೋಷಿತವಾದೆಡೆಗಳ ಸರಕಾರಿ ಕಚೇರಿಗಳೊಡನೆಯೂ ತಮ್ಮ ನುಡಿಯಲ್ಲಿ ಪತ್ರವ್ಯವಹಾರ ನಡೆಸಬಹುದೆಂದೂ, ಉತ್ತರವು ಅದೇ ನುಡಿಯಲ್ಲಿ ಹೋಗಬೇಕೆಂದೂ ಆ ಕಾಯಿದೆ ಒಪ್ಪಿಕೊಂಡಿತು. ಇಲ್ಲೊಂದು ಮರ್ಮವಿದೆ. ಕೇರಳದಲ್ಲಿ ಅವಿಶ್ವಾಸ ಸಭೆಯ ನೋಟೀಸನ್ನು ಹೊರಡಿಸುವುದು ಪಂಚಾಯತಲ್ಲ. ಚುನಾವಣಾ ಆಯೋಗದಿಂದ ಅಧಿಕೃತನಾದ ಸರಕಾರಿ ಅಧಿಕಾರಿ. ಅವನು 15 ಕೆಲಸದ ದಿನಗಳೊಳಗೆ ಸಭೆ ನಡೆಸಬೇಕು. ಸದಸ್ಯರಿಗೆ ಏಳು ಪೂರ್ಣ ದಿನಗಳ ನೋಟೀಸು ಕೊಡಬೇಕು. ನೋಟೀಸು ಬಂದ ದಿನವೇ ಸದಸ್ಯನು ಆ ಅಧಿಕಾರಿಗೆ ಕನ್ನಡದಲ್ಲಿ ನಾಲ್ಕು ಸಾಲು ಬರೆದು ಕನ್ನಡದ ಪ್ರತಿಯನ್ನು ಕೇಳಲಿ. ಕೊಟ್ಟರೆ ನಮ್ಮ ಉದ್ದೇಶ ಸಾಧಿತವಾಯಿತು. ಕೊಡದಿದ್ದರೆ, ಬಾಧೆಯಾಯಿತೆಂಬುದಕ್ಕೆ ಸಭೆಗೆ ಮೊದಲೇ ಹುಟ್ಟಿದ ಲಿಖಿತ ಸಾಕ್ಷ್ಯವು ಕೈಯಲ್ಲಿ ಉಳಿಯಿತು.

ಸುಮ್ಮನೆ ಸಭೆಗೆ ಹೋಗಿ, ಮತ ಕೊಟ್ಟು, ಸೋತ ಮೇಲೆ "ನನಗೆ ನೋಟೀಸು ಓದಲು ಬರಲಿಲ್ಲ" ಎಂದವನನ್ನು ಯಾವ ನ್ಯಾಯಾಧೀಶನೂ ನಂಬುವುದಿಲ್ಲ, ನಂಬಲೂ ಬಾರದು. ಸಭೆಗೆ ಮೊದಲು ಆಡಿದ ಮಾತು ಹಕ್ಕು. ಸೋತ ಮೇಲೆ ಆಡಿದ ಮಾತು ನೆಪ.

ಕನ್ನಡವು ಸೋತವನ ಕೊಡೆಯಲ್ಲ

ಕೊನೆಯದಾಗಿ ನಮ್ಮವರಿಗೇ ಒಂದು ಕಟುವಾದ ಮಾತು. ಬಹುಮತ ಕಳೆದುಕೊಂಡ ಅಧ್ಯಕ್ಷನು ಕನ್ನಡಿಗನಾದರೆ, ಕನ್ನಡಿಗನೆಂಬ ಕಾರಣಕ್ಕೆ ತನ್ನನ್ನು ಇಳಿಸಿದರೆಂದು ಕೂಗಾಡುವುದುಂಟು. ಕೆಲವೊಮ್ಮೆ ಅದು ನಿಜವೂ ಇರಬಹುದು. ಆದರೆ ಲೆಕ್ಕಪತ್ರ ತೋರಿಸದವನು, ಸಭೆ ಕರೆಯದವನು, ಕನ್ನಡ ಶಾಲೆಯ ಕಡೆಗೆ ಐದು ವರ್ಷ ತಿರುಗಿ ನೋಡದವನು, ಇಳಿಯುವ ದಿನ ಮಾತ್ರ ಕನ್ನಡದ ಬಾವುಟವನ್ನು ಹೊದ್ದು ನಿಂತರೆ ಅದನ್ನು ನುಡಿಪ್ರೇಮವೆನ್ನಲಾಗದು. ಅಂಥವನ ವ್ಯಾಜ್ಯಕ್ಕೆ ಊರಿನ ಹಣ ಎತ್ತಿಕೊಡಬೇಡಿರಿ. ಅವನನ್ನು ಇಳಿಸಿದ ಗುಂಪಿನಲ್ಲಿಯೂ ಕನ್ನಡಿಗರು ಇದ್ದಾರೆ, ಅವರೂ ನಮ್ಮವರೇ.

ಬಂಧುಗಳೇ, ನಾಳೆಯಿಂದಲೇ ಮಾಡಬಹುದಾದ ಕೆಲಸಗಳು ಇವು. ನಿಮ್ಮ ಊರಿಗೆ ಸಲ್ಲುವ ಕಲಮಿನ ಕನ್ನಡ ಅನುವಾದವೊಂದನ್ನು ಓದುಬಲ್ಲವರಿಂದ ಬರೆಯಿಸಿ ವಾಚನಾಲಯದಲ್ಲಿ ಇಡಿರಿ. ಓದದ ಕಾಗದಕ್ಕೆ, ಖಾಲಿ ಕಾಗದಕ್ಕೆ, ಯಾರು ಕೇಳಿದರೂ ಸಹಿ ಹಾಕಬೇಡಿರಿ. ಸಹಿ ಹಾಕುವಾಗ ತಾರೀಖನ್ನೂ ಹೊತ್ತನ್ನೂ ನಿಮ್ಮ ಕೈಯಿಂದಲೇ ಕನ್ನಡದಲ್ಲಿ ಬರೆಯಿರಿ. ನೋಟೀಸು ಬಂದ ದಿನವೇ ಕನ್ನಡದ ಪ್ರತಿಯನ್ನು ಬರವಣಿಗೆಯಲ್ಲಿ ಕೇಳಿ, ರಸೀದಿಯನ್ನು ಇಟ್ಟುಕೊಳ್ಳಿರಿ. ಮಂಜೂರಾದ ಸಂಖ್ಯೆಯನ್ನು ತಿಳಿದು ತಲೆ ಎಣಿಸಿರಿ. ದೋಷವಿದ್ದರೆ ಸಭೆಗೆ ಮೊದಲೇ ಹೇಳಿರಿ.

ಇಷ್ಟೆಲ್ಲ ಮಾಡಿದ ಮೇಲೆ, ಸಭೆ ಕ್ರಮವಾಗಿ ನಡೆದು ಬಹುಮತವು ಬೇಡವೆಂದರೆ, ಎದ್ದು ನಿಂತು ಕೈಮುಗಿದು ಕುರ್ಚಿಯನ್ನು ಬಿಟ್ಟುಕೊಡಿರಿ. ಮರುದಿನ ಬೆಳಿಗ್ಗೆ ವಕೀಲರ ಮನೆಗೆ ಹೋಗುವ ಬದಲು ನೀರಿನ ತೊಟ್ಟಿಯ ಬಳಿ ಹೋಗಿ ನಿಲ್ಲಿರಿ. ಅಧ್ಯಕ್ಷತೆ ಹೋದರೂ ಸದಸ್ಯತ್ವ ಉಳಿದಿದೆ. ಊರು ಎಲ್ಲಿಗೂ ಹೋಗಿಲ್ಲ.